ಹೊತ್ತು ಹೋಗದಿದ್ದರೆ ಗಡಿಯಾರದ ತಪ್ಪೇ?

ಕಳೆದ ಸಂಚಿಕೆಯಲ್ಲಿ ‘ಕಾಲದ ಬಗ್ಗೆ ಏನಾದರೂ ಕೇಳಿ’ ಎಂದು ಒಂದು ಸಾಲು ಬರೆದದ್ದೇ ಬಂತು, ಪತ್ರಗಳ ರಾಶಿ ಬಿದ್ದಿದೆ. ಅರ್ಧಕ್ಕರ್ಧ ಪತ್ರಗಳದ್ದು ಒಂದೇ ಆಸೆ. ಮನಸ್ಸಿಗೂ ಕಾಲಕ್ಕೂ ಏನೋ ಗುಟ್ಟಿನ ನಂಟಿದೆ ಎಂದು ನನ್ನ ಬಾಯಿಂದ ಹೇಳಿಸಬೇಕು! ನಂಟು ಇದೆ, ಇಲ್ಲ ಅನ್ನುವುದಿಲ್ಲ. ಎಲ್ಲಿದೆ ಅನ್ನುವುದರಲ್ಲೇ ನನಗೂ ನಿಮಗೂ ಜಗಳ. ಕಥೆ ಬರೆಯುವವರೊಬ್ಬರ ಪತ್ರ ಎಲ್ಲಕ್ಕಿಂತ ಮಜವಾಗಿತ್ತು, ಅದರಿಂದಲೇ ಶುರು ಮಾಡೋಣ.

ಪ್ರಶ್ನೆ: ಮೇಡಂ, ನಾನೊಂದು ಕಥೆ ಬರೆಯುತ್ತಿದ್ದೇನೆ. ಅದರಲ್ಲಿ ‘ಹೊತ್ತುಸೆಳೆತ’ ಅಂತ ಒಂದು ಕಲ್ಪನೆ ಇದೆ. ಸಾವಿರಾರು ಜನ ಒಂದೇ ಕಡೆ ಸೇರಿ ಒಂದೇ ಗಳಿಗೆಗಾಗಿ ಕಾಯುತ್ತಾ ಕೂತರೆ ಅವರ ಮನಸ್ಸುಗಳೆಲ್ಲ ಕೂಡಿಕೊಂಡು ಅಲ್ಲಿನ ಕಾಲವನ್ನೇ ಹಿಡಿದು ಎಳೆಯುತ್ತವೆ. ಗಡಿಯಾರಗಳು ನಿಜವಾಗಿಯೂ ನಿಧಾನವಾಗುತ್ತವೆ. ಕಾಯುವಾಗ ಹೊತ್ತು ಹೋಗದೇ ಇರುವುದಕ್ಕೆ ಇದೇ ಕಾರಣ ಎಂದು ನಾಯಕಿ ಕಂಡುಹಿಡಿಯುತ್ತಾಳೆ. ಇದು ವಿಜ್ಞಾನಕ್ಕೆ ಎಷ್ಟು ಹತ್ತಿರ?

ಹೆಸರು ತುಂಬಾ ಚೆನ್ನಾಗಿದೆ. ಕಥೆಯಲ್ಲಿ ಏನು ಬೇಕಾದರೂ ಆಗಬಹುದು, ಅದಕ್ಕೆ ನನ್ನ ಅಪ್ಪಣೆ ಬೇಕಿಲ್ಲ. ಆದರೆ ನಿಮ್ಮ ನಾಯಕಿ ಕಂಡುಹಿಡಿದದ್ದು ತಲೆಕೆಳಗಾಗಿದೆ.

ಐವತ್ತು ಸಾವಿರ ಜನ ಕೂತಿದ್ದಾರೆ, ಅವರಿರುವ ಕಡೆ ಕಾಲ ಅರ್ಧ ವೇಗಕ್ಕೆ ಇಳಿಯಿತು ಅಂದುಕೊಳ್ಳಿ. ಗಡಿಯಾರದ ಮುಳ್ಳು ನಿಧಾನ. ಸರಿ. ಅವರ ಎದೆಬಡಿತ? ಅವರ ಮಿದುಳು? ಅವೂ ಅಲ್ಲೇ ಇವೆ ಅಲ್ವಾ? ಯೋಚನೆ ಅನ್ನುವುದು ನರಗಳಲ್ಲಿ ಓಡುವ ಸಂಕೇತ, ಅದಕ್ಕೂ ಕಾಲ ಬೇಕು. ಮುಳ್ಳು ಅರ್ಧ ವೇಗಕ್ಕೆ ಇಳಿದರೆ ಅದನ್ನು ನೋಡುತ್ತಾ ‘ಅಯ್ಯೋ, ಇನ್ನೂ ಇಷ್ಟೇನಾ’ ಎಂದು ಗೊಣಗುವ ಮನಸ್ಸೂ ಅರ್ಧ ವೇಗದಲ್ಲೇ ಗೊಣಗುತ್ತಿರುತ್ತದೆ. ಒಳಗಿರುವ ಒಬ್ಬರಿಗೂ ಏನೂ ಗೊತ್ತಾಗುವುದಿಲ್ಲ. ಹೊತ್ತು ಹೋಗುತ್ತಿಲ್ಲ ಎಂದು ಅನ್ನಿಸಬೇಕಾದರೆ ಗಡಿಯಾರ ತನ್ನ ಪಾಡಿಗೆ ಓಡುತ್ತಿರಬೇಕು, ಮನಸ್ಸು ಅದಕ್ಕಿಂತ ಮುಂದೆ ಓಡುತ್ತಿರಬೇಕು. ಅಂದರೆ ಕಾಯುವ ಬೇಸರಕ್ಕೂ ಕಾಲ ನಿಜವಾಗಿ ನಿಧಾನವಾಗುವುದಕ್ಕೂ ಎಣ್ಣೆ ಸೀಗೆಕಾಯಿ ಸಂಬಂಧ.

ಪುರಾಣದ ಕಕುದ್ಮಿ ರಾಜನ ಕಥೆ ನಿಮಗೆ ಗೊತ್ತಿರಬಹುದು. ಮಗಳು ರೇವತಿಗೆ ಗಂಡು ಹುಡುಕಲು ಅವಳನ್ನೂ ಕರೆದುಕೊಂಡು ಬ್ರಹ್ಮನ ಬಳಿಗೇ ಹೋಗುತ್ತಾನೆ. ಅಲ್ಲಿ ಗಂಧರ್ವರ ಹಾಡು ನಡೆಯುತ್ತಿರುತ್ತದೆ, ಮುಗಿಯಲಿ ಎಂದು ಸ್ವಲ್ಪ ಹೊತ್ತು ಕಾಯುತ್ತಾನೆ. ಆಮೇಲೆ ಮನಸ್ಸಿನಲ್ಲಿದ್ದ ಗಂಡುಗಳ ಹೆಸರು ಹೇಳಿದರೆ ಬ್ರಹ್ಮ ನಗುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿದೆ, ಆ ಹುಡುಗರಿರಲಿ, ಅವರ ಮೊಮ್ಮಕ್ಕಳ ಹೆಸರೂ ಯಾರಿಗೂ ನೆನಪಿಲ್ಲ. ಕೊನೆಗೆ ರೇವತಿ ಬಲರಾಮನ ಹೆಂಡತಿಯಾಗುತ್ತಾಳೆ. ಈ ಕಥೆ ಕಟ್ಟಿದವರು ಎಷ್ಟು ಜಾಣರು ನೋಡಿ, ಕಕುದ್ಮಿಗೆ ಅಲ್ಲಿ ಕೂತಿದ್ದಾಗ ಏನೂ ಅನ್ನಿಸುವುದೇ ಇಲ್ಲ! ಒಂದು ಹಾಡು ಕೇಳಿದ, ಅಷ್ಟೇ. ಹೊರಗಿನ ಲೆಕ್ಕದ ಜೊತೆ ಹೋಲಿಸಿದಾಗಲೇ ಎದೆ ಧಸಕ್ ಅಂದದ್ದು.

ಕಾಲವನ್ನು ನಿಧಾನ ಮಾಡುವುದು ಏನು ಅಂತ ಕೇಳಿದರೆ ಉತ್ತರ ಎರಡೇ. ಒಂದು ವೇಗ, ಐನ್‌ಸ್ಟೈನ್ 1905ರಲ್ಲಿ ಹೇಳಿದ್ದು. ಇನ್ನೊಂದು ಗುರುತ್ವ, ಅವರೇ 1915ರ ಹೊತ್ತಿಗೆ ಪೂರ್ತಿ ಮಾಡಿದ ಲೆಕ್ಕ. ಇದು ಬರೀ ಕಾಗದದ ಮೇಲಿನ ಮಾತಲ್ಲ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಎಂಬಿಬ್ಬರು ನಾಲ್ಕು ಸೀಸಿಯಂ ಗಡಿಯಾರಗಳನ್ನು (ಬಹಳ ನಿಖರವಾದ ಪರಮಾಣು ಗಡಿಯಾರಗಳು) ಮಾಮೂಲಿ ಪ್ರಯಾಣಿಕರ ವಿಮಾನದಲ್ಲಿ ಇಟ್ಟುಕೊಂಡು ಭೂಮಿ ಸುತ್ತಿ ಬಂದರು. ಪೂರ್ವಕ್ಕೆ ಹೋದಾಗ ಗಡಿಯಾರಗಳು ಸುಮಾರು 59 ನ್ಯಾನೋಸೆಕೆಂಡು (ಒಂದು ನ್ಯಾನೋಸೆಕೆಂಡು ಅಂದರೆ ಸೆಕೆಂಡಿನ ನೂರು ಕೋಟಿಯಲ್ಲೊಂದು ಪಾಲು) ಹಿಂದೆ ಬಿದ್ದವು, ಪಶ್ಚಿಮಕ್ಕೆ ಹೋದಾಗ 273 ನ್ಯಾನೋಸೆಕೆಂಡು ಮುಂದೆ ಓಡಿದವು. ನಿಮ್ಮ ಫೋನಿನಲ್ಲಿ ದಾರಿ ತೋರಿಸುವ ಜಿಪಿಎಸ್ ಉಪಗ್ರಹಗಳ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡು ಜಾಸ್ತಿ ಓಡುತ್ತದೆ. ಅಷ್ಟರಲ್ಲಿ ಬೆಳಕು 11 ಕಿಲೋಮೀಟರ್ ಹೋಗಿಬಿಡುತ್ತದೆ, ಹಾಗಾಗಿ ಅದನ್ನು ಸರಿಮಾಡದೆ ಬಿಟ್ಟರೆ ಒಂದೇ ದಿನದಲ್ಲಿ ಫೋನು ನಿಮ್ಮನ್ನು ಪಕ್ಕದೂರಿನಲ್ಲಿ ತೋರಿಸುತ್ತದೆ. 2010ರಲ್ಲಂತೂ ಅಮೆರಿಕದ ವಿಜ್ಞಾನಿಗಳು ಒಂದು ಗಡಿಯಾರವನ್ನು ಬರೀ 33 ಸೆಂಟಿಮೀಟರ್ ಮೇಲಕ್ಕೆತ್ತಿ ಅದು ಬೇಗ ಓಡುವುದನ್ನು ಅಳೆದರು. ನಿಮ್ಮ ತಲೆಗೆ ನಿಮ್ಮ ಪಾದಕ್ಕಿಂತ ಒಂಚೂರು ವಯಸ್ಸು ಜಾಸ್ತಿ ಎಂದು ಇದರರ್ಥ. ನಿಂತೇ ಎಂಬತ್ತು ವರ್ಷ ಕಳೆದರೂ ಆ ವ್ಯತ್ಯಾಸ ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲಿನ ಅರ್ಧಕ್ಕೂ ಬರುವುದಿಲ್ಲ, ಕನ್ನಡಿ ನೋಡಿ ಗಾಬರಿಯಾಗಬೇಡಿ.

ಇಲ್ಲಿ ನಿಮ್ಮ ಕಥೆಗೆ ಒಂದು ಚೂರು ಬೆಣ್ಣೆ ಇದೆ. ಐವತ್ತು ಸಾವಿರ ಜನ ಸೇರಿದರೆ ಮೂರು ಸಾವಿರ ಟನ್ ತೂಕ. ತೂಕ ಇದ್ದ ಕಡೆ ಗುರುತ್ವ ಇದೆ. ಹಾಗಾಗಿ ಗುಂಪು ಸೇರಿದ ಕಡೆ ಕಾಲ ನಿಜಕ್ಕೂ ನಿಧಾನವಾಗುತ್ತದೆ! ಎಷ್ಟು ಅಂದರೆ ಇವತ್ತಿನ ಯಾವ ಗಡಿಯಾರಕ್ಕೂ ಸಿಗದಷ್ಟು ಚಿಕ್ಕದಾಗಿ. ಅವರು ಕಾಯುತ್ತಿದ್ದರೂ ಅಷ್ಟೇ, ನಿದ್ದೆ ಹೊಡೆಯುತ್ತಿದ್ದರೂ ಅಷ್ಟೇ. ಎಳೆಯುವುದು ಮೈತೂಕ, ಮನಸ್ಸಲ್ಲ.

ನಾನಾಗಿದ್ದರೆ ಕಥೆಯನ್ನು ತಿರುಗಿಸಿ ಬರೆಯುತ್ತಿದ್ದೆ. ಒಳಗೆ ಕಾಯುವವರಿಗೆ ಏನೂ ಗೊತ್ತಾಗಬಾರದು. ಗೇಟಿನ ಹೊರಗೆ ನಿಂತ ಒಬ್ಬನಿಗೆ ಮಾತ್ರ ಒಳಗಿನವರ ಚಪ್ಪಾಳೆ ಒಂದೊಂದಾಗಿ, ಬಹಳ ನಿಧಾನವಾಗಿ ಕೇಳಿಸಬೇಕು.

ಪ್ರಶ್ನೆ: ಗೋಡೆ ಗಡಿಯಾರದ ಕಡೆ ತಟ್ಟನೆ ನೋಡಿದರೆ ಸೆಕೆಂಡಿನ ಮುಳ್ಳು ಒಂದು ಕ್ಷಣ ನಿಂತುಬಿಡುತ್ತದೆ, ಆಮೇಲೆ ಓಡುತ್ತದೆ. ಪ್ರತಿ ಸಲವೂ ಅಲ್ಲ, ಆದರೆ ಆಗಾಗ. ನನ್ನ ನೋಟದಲ್ಲಿ ಏನಾದರೂ ಇದೆಯೇ?

ನಿಮ್ಮ ನೋಟದಲ್ಲೂ ಇದೆ, ನನ್ನದರಲ್ಲೂ ಇದೆ, ಎಲ್ಲರದರಲ್ಲೂ ಇದೆ. ಕಣ್ಣು ಒಂದು ಕಡೆಯಿಂದ ಇನ್ನೊಂದು ಕಡೆಗೆ ಜಿಗಿಯುವಾಗ ಮಿದುಳು ಆ ಮಸುಕು ಚಿತ್ರವನ್ನು ತೋರಿಸುವುದೇ ಇಲ್ಲ. ಕನ್ನಡಿಯ ಮುಂದೆ ನಿಂತು ನಿಮ್ಮ ಎಡಗಣ್ಣು ನೋಡಿ, ಆಮೇಲೆ ಬಲಗಣ್ಣು ನೋಡಿ. ಕಣ್ಣು ಚಲಿಸಿದ್ದು ನಿಮಗೆ ಕಾಣುವುದಿಲ್ಲ, ಪಕ್ಕದಲ್ಲಿ ನಿಂತವರಿಗೆ ಮಾತ್ರ ಕಾಣುತ್ತದೆ. ಹಾಗಾದರೆ ಆ ಖಾಲಿ ಜಾಗ ಎಲ್ಲಿಗೆ ಹೋಯಿತು? ಜಿಗಿತ ಮುಗಿದ ಮೇಲೆ ಮೊದಲು ಕಂಡದ್ದನ್ನೇ ಮಿದುಳು ಹಿಂದಿನ ತಾರೀಖು ಹಾಕಿ ಅಲ್ಲಿಗೆ ತುಂಬಿಸುತ್ತದೆ. ಮುಳ್ಳು ಅಲ್ಲಿ ನಿಜವಾಗಿ ಕಂಡದ್ದಕ್ಕಿಂತ ಮುಂಚೆಯೇ ಕಂಡಿತ್ತು ಎನ್ನುವ ಸುಳ್ಳು ಲೆಕ್ಕ. ಅದಕ್ಕೇ ಮೊದಲ ಸೆಕೆಂಡು ಉದ್ದ ಅನ್ನಿಸುವುದು. ನಿಂತದ್ದು ಗಡಿಯಾರವಲ್ಲ. ಸುಮ್ನೆ ಹಳೇ ಬ್ಯಾಟರಿ ಬದಲಾಯಿಸಬೇಡಿ.

ಪ್ರಶ್ನೆ: ಹೋದ ವರ್ಷ ಬೈಕಿನಿಂದ ಬಿದ್ದೆ. ಬೀಳುವಾಗ ಎಲ್ಲವೂ ಸ್ಲೋ ಮೋಷನ್‌ನಲ್ಲಿ ಕಂಡಿತು, ರಸ್ತೆಯ ಒಂದೊಂದು ಕಲ್ಲೂ ನೆನಪಿದೆ. ಅಪಾಯದಲ್ಲಿ ಮನಸ್ಸು ಕಾಲವನ್ನು ಹಿಗ್ಗಿಸುತ್ತದೆ ಎಂದು ನನಗೆ ಖಾತ್ರಿ. ನೀವು ಇದನ್ನೂ ಅಲ್ಲಗಳೆಯುತ್ತೀರಾ?

ಮೊದಲು ಇದು ಹೇಳಿ, ಹೆಲ್ಮೆಟ್ ಇತ್ತು ತಾನೇ?

ನಿಮ್ಮ ಅನುಭವವನ್ನು ಅಲ್ಲಗಳೆಯುವುದಿಲ್ಲ, ನಾನೂ ಒಮ್ಮೆ ಮೆಟ್ಟಿಲಿನಿಂದ ಉರುಳಿದ್ದೇನೆ, ಹನ್ನೊಂದು ಮೆಟ್ಟಿಲನ್ನೂ ಇವತ್ತಿಗೂ ಎಣಿಸಿ ಹೇಳಬಲ್ಲೆ. ಪ್ರಶ್ನೆ ಏನೆಂದರೆ, ಬೀಳುತ್ತಿದ್ದಾಗಲೇ ನಿಧಾನ ಅನ್ನಿಸಿತೇ, ಅಥವಾ ಬಿದ್ದ ಮೇಲೆ ನೆನೆಸಿಕೊಂಡಾಗ ಉದ್ದವಾಯಿತೇ? ಇದನ್ನು ಪರೀಕ್ಷಿಸಲು ಡೇವಿಡ್ ಈಗಲ್‌ಮನ್ ಎಂಬ ನರವಿಜ್ಞಾನಿ ಮತ್ತು ಜೊತೆಗಾರರು ಮಾಡಿದ ಕೆಲಸ ನನಗೆ ಬಹಳ ಇಷ್ಟ. ಜನರನ್ನು 31 ಮೀಟರ್ ಎತ್ತರದಿಂದ ಬೆನ್ನು ಕೆಳಗಾಗಿ, ಹಗ್ಗವಿಲ್ಲದೆ, ಕೆಳಗಿನ ಬಲೆಗೆ ಬೀಳಿಸಿದರು. ಕೈಗೆ ಒಂದು ಯಂತ್ರ ಕಟ್ಟಿದ್ದರು, ಅದರಲ್ಲಿ ಅಂಕಿಗಳು ಎಷ್ಟು ಬೇಗ ಮಿನುಗುತ್ತಿದ್ದವೆಂದರೆ ಮಾಮೂಲಿಯಾಗಿ ಓದಲು ಆಗುವುದಿಲ್ಲ. ಬೀಳುವಾಗ ನಿಜವಾಗಿಯೂ ಮನಸ್ಸಿಗೆ ಸ್ಲೋ ಮೋಷನ್ ಸಿಕ್ಕಿದರೆ ಅವನ್ನು ಓದಲು ಆಗಬೇಕಿತ್ತು. ಆಗಲಿಲ್ಲ. ಆದರೆ ತಾವು ಬಿದ್ದದ್ದು ಎಷ್ಟು ಹೊತ್ತು ಎಂದು ಕೇಳಿದಾಗ, ಬೇರೆಯವರು ಬಿದ್ದದ್ದಕ್ಕಿಂತ ಸರಾಸರಿ 36 ಶೇಕಡಾ ಜಾಸ್ತಿ ಹೇಳಿದರು. 2007ರಲ್ಲಿ ಪ್ರಕಟವಾದ ಫಲಿತಾಂಶ ಇದು.

ಹೆದರಿಕೆಯಲ್ಲಿ ಮಿದುಳು ಕಂಡದ್ದನ್ನೆಲ್ಲ ಬರೆದಿಟ್ಟುಕೊಳ್ಳುತ್ತದೆ, ಬೇಕಾದದ್ದು ಬೇಡದ್ದು ಎಂದು ನೋಡುವುದಿಲ್ಲ. ಆಮೇಲೆ ತಿರುಗಿ ನೋಡಿದರೆ ಆ ಎರಡು ಸೆಕೆಂಡಿಗೆ ಇಷ್ಟುದ್ದದ ವರದಿ ಇರುತ್ತದೆ, ಇಷ್ಟೆಲ್ಲ ಆಗಲು ಬಹಳ ಹೊತ್ತೇ ಬೇಕಾಗಿರಬೇಕು ಎಂದು ನಾವೇ ತೀರ್ಮಾನಿಸುತ್ತೇವೆ. ನಿಮ್ಮ ಕಲ್ಲುಗಳು ನಿಜ. ಹಿಗ್ಗಿದ್ದು ನೆನಪು.

ಇದಕ್ಕೆ ಪೂರ್ತಿ ವಿರುದ್ಧವಾದದ್ದೂ ಒಂದಿದೆ, ಮನಸ್ಸಿನ ಎಣಿಕೆಯೇ ಆ ಕ್ಷಣದಲ್ಲಿ ಬದಲಾಗುವುದು. 1930ರ ದಶಕದಲ್ಲಿ ಹಡ್ಸನ್ ಹೋಗ್ಲೆಂಡ್ ಎಂಬ ವಿಜ್ಞಾನಿಯ ಹೆಂಡತಿಗೆ ಜೋರು ಜ್ವರ. ಗಂಡ ಸ್ವಲ್ಪ ಹೊತ್ತು ಹೊರಗೆ ಹೋಗಿ ಬಂದರೆ, ಎಷ್ಟೊಂದು ಹೊತ್ತು ಬಿಟ್ಟು ಹೋದಿರಿ ಎಂಬ ದೂರು. ಬೇರೆ ಗಂಡಂದಿರಾದರೆ ಕ್ಷಮೆ ಕೇಳುತ್ತಿದ್ದರು, ಈ ಮಹಾಶಯ ಸ್ಟಾಪ್‌ವಾಚ್ ತಂದ. ಸೆಕೆಂಡಿಗೆ ಒಂದರಂತೆ 60ರವರೆಗೆ ಎಣಿಸು ಎಂದ. ಜ್ವರ ಏರಿದಷ್ಟೂ ಆಕೆಯ ಎಣಿಕೆ ಬೇಗ ಮುಗಿಯುತ್ತಿತ್ತು. ಮೈ ಬಿಸಿಯಾದಾಗ ಒಳಗಿನ ಗಡಿಯಾರ ಜೋರಾಗಿ ಓಡುತ್ತದೆ, ಹಾಗಾಗಿ ಹೊರಗಿನದು ತೆವಳಿದಂತೆ ಅನ್ನಿಸುತ್ತದೆ. ಮೊದಲ ಪತ್ರದವರು ಇದನ್ನು ದಯವಿಟ್ಟು ಎರಡು ಸಲ ಓದಬೇಕು.

ಪ್ರಶ್ನೆ: ಗಡಿಯಾರ, ಫೋನು, ಬೆಳಕು ಎಲ್ಲ ಬಿಟ್ಟು ಎಲ್ಲಾದರೂ ಹೋಗಿ ಕೂತರೆ ಮನಸ್ಸು ಕಾಲದಿಂದ ಬಿಡಿಸಿಕೊಳ್ಳುತ್ತದೆಯೇ?

ಒಬ್ಬ ಹೋಗಿ ಕೂತಿದ್ದ. ಫ್ರಾನ್ಸಿನ ಮಿಷೆಲ್ ಸಿಫ್ರ್, ಆಗ ವಯಸ್ಸು 23. 1962ರಲ್ಲಿ ಆಲ್ಪ್ಸ್ ಪರ್ವತದ ಸ್ಕರಾಸ್ಸೋನ್ ಎಂಬ ಹಿಮದ ಗುಹೆಯೊಳಗೆ ಎರಡು ತಿಂಗಳು, ಗಡಿಯಾರವಿಲ್ಲ, ಸೂರ್ಯನಿಲ್ಲ. ಎದ್ದಾಗ, ಉಂಡಾಗ, ಮಲಗುವಾಗ ಮೇಲಿದ್ದ ಗೆಳೆಯರಿಗೆ ಫೋನಿನಲ್ಲಿ ಹೇಳುವುದು, ಅವರು ಮಾತ್ರ ಗಂಟೆ ಎಷ್ಟು ಎಂದು ಬಾಯಿಬಿಡಬಾರದು. ಸೆಪ್ಟೆಂಬರ್ 14ಕ್ಕೆ ಅವನನ್ನು ಹೊರಗೆ ತಂದಾಗ ಅವನ ಲೆಕ್ಕದಲ್ಲಿ ಅದು ಆಗಸ್ಟ್ 20. ಇಪ್ಪತ್ತೈದು ದಿನ ಕಾಣೆ! ಸೆಕೆಂಡಿಗೆ ಒಂದರಂತೆ 120 ಎಣಿಸು ಎಂದರೆ ಎರಡು ನಿಮಿಷದ ಬದಲು ಐದು ನಿಮಿಷ ತೆಗೆದುಕೊಳ್ಳುತ್ತಿದ್ದ.

ಆದರೆ ಮೈ ಮೋಸಹೋಗಲಿಲ್ಲ. ಅವನ ನಿದ್ದೆ ಮತ್ತು ಎಚ್ಚರದ ಒಟ್ಟು ಸುತ್ತು ಹೆಚ್ಚುಕಡಿಮೆ ಇಪ್ಪತ್ನಾಲ್ಕೂವರೆ ಗಂಟೆಯೇ ಇತ್ತು. ಮಿದುಳಿನ ಬುಡದಲ್ಲಿ, ಕಣ್ಣಿನ ನರಗಳು ಒಂದನ್ನೊಂದು ದಾಟುವ ಕಡೆ, ಸುಮಾರು 20,000 ನರಕೋಶಗಳ ಒಂದು ಪುಟ್ಟ ಗಂಟು ಇದೆ, ದಿನದ ಲೆಕ್ಕ ಇಡುವುದು ಅದು. ಜೀವಕೋಶದೊಳಗೆ ಈ ಲೆಕ್ಕ ಹೇಗೆ ನಡೆಯುತ್ತದೆ ಎಂದು ಬಿಡಿಸಿದ ಮೂವರಿಗೆ 2017ರಲ್ಲಿ ನೊಬೆಲ್ ಬಂತು. ಸಿಫ್ರ್‌ನ ಮನಸ್ಸು ಬಿಡಿಸಿಕೊಂಡದ್ದು ಕ್ಯಾಲೆಂಡರಿನಿಂದ ಮಾತ್ರ. ಮತ್ತೆ, ಅವನಿಗೆ ಅಲ್ಲಿ ಕಾಲ ಬೇಗ ಹೋಯಿತು ಅನ್ನಿಸಿತು ಅನ್ನುವುದನ್ನು ಗಮನಿಸಿ. ಹೊಸದೇನೂ ನಡೆಯದ ದಿನಗಳು ತಿರುಗಿ ನೋಡಿದರೆ ಒಂದರೊಳಗೊಂದು ಮಡಿಚಿಕೊಂಡಿರುತ್ತವೆ. ಬೈಕಿನಿಂದ ಬಿದ್ದವರಿಗೆ ಆದದ್ದು ಇದರ ಉಲ್ಟಾ.

ಪ್ರಶ್ನೆ: ವಯಸ್ಸಾದಂತೆ ವರ್ಷಗಳು ಓಡುತ್ತವಲ್ಲ, ಯಾಕೆ?

ಈಗಷ್ಟೇ ಹೇಳಿದೆ, ಹೊಸದೇನೂ ನಡೆಯದ ದಿನಗಳ ಮಡಿಕೆ. ಹತ್ತು ವರ್ಷದ ಮಗುವಿಗೆ ಒಂದು ವರ್ಷ ಅಂದರೆ ಬದುಕಿನ ಹತ್ತನೇ ಒಂದು ಪಾಲು, ಐವತ್ತರವರಿಗೆ ಐವತ್ತನೇ ಒಂದು ಪಾಲು ಎಂದು ಪಾಲ್ ಜಾನೆ ಎಂಬ ಫ್ರೆಂಚ್ ಚಿಂತಕ 1877ರಲ್ಲೇ ಲೆಕ್ಕ ಕೊಟ್ಟಿದ್ದ. ಲೆಕ್ಕ ಮುದ್ದಾಗಿದೆ, ನನಗೆ ನಂಬಿಕೆಯಿಲ್ಲ. ಐವತ್ತರಲ್ಲಿ ಕೆಲಸ, ಊರು, ಗೆಳೆಯರು ಎಲ್ಲ ಬದಲಾದವರನ್ನು ಕೇಳಿ ನೋಡಿ, ಆ ವರ್ಷ ಓಡಿತು ಎಂದು ಅವರು ಹೇಳುವುದಿಲ್ಲ.

ಪ್ರಶ್ನೆ: ನಾನು ತಂಗಿಯನ್ನು ನೆನೆಸಿಕೊಂಡ ಅದೇ ಕ್ಷಣಕ್ಕೆ ಅವಳ ಫೋನು ಬರುತ್ತದೆ. ಅವಳು ಬೇರೆ ದೇಶದಲ್ಲಿದ್ದಾಳೆ. ಒಂದೇ ಕಾಲದ ಎಳೆಯಲ್ಲಿ ಎರಡು ಮನಸ್ಸು ಪೋಣಿಸಿದಂತೆ ಅಲ್ಲವೇ?

ನೆನೆಸಿಕೊಂಡೂ ಫೋನು ಬಾರದ ಸಲಗಳ ಪಟ್ಟಿ ಇಟ್ಟಿದ್ದೀರಾ? ಯಾರೂ ಇಡುವುದಿಲ್ಲ. ಅದೊಂದು ಮಾತು ಹೇಳಿ ಮುಂದೆ ಹೋಗುತ್ತೇನೆ, ಯಾಕೆಂದರೆ ನಿಮ್ಮ ವಾಕ್ಯದಲ್ಲಿ ನನಗೆ ಕಚಗುಳಿ ಇಟ್ಟದ್ದು ‘ಅದೇ ಕ್ಷಣ’ ಅನ್ನುವ ಪದ.

ಕಾಲಿನ ಹೆಬ್ಬೆರಳನ್ನೂ ಮೂಗನ್ನೂ ಒಟ್ಟಿಗೆ ಮುಟ್ಟಿಕೊಳ್ಳಿ. ಎರಡೂ ಒಂದೇ ಸಲಕ್ಕೆ ತಾಕಿದಂತೆ ಅನ್ನಿಸುತ್ತದೆ. ಆದರೆ ಮುಟ್ಟಿದ ಸುದ್ದಿ ನರದಲ್ಲಿ ಓಡುವುದು ಸೆಕೆಂಡಿಗೆ ಸುಮಾರು 50 ಮೀಟರ್ ವೇಗದಲ್ಲಿ. ಮೂಗಿನ ಸುದ್ದಿ ಥಟ್ಟನೆ ಬರುತ್ತದೆ, ಹೆಬ್ಬೆರಳಿನದು ಬರಲು ಸೆಕೆಂಡಿನ ನೂರರಲ್ಲಿ ಮೂರು ಪಾಲಾದರೂ ಬೇಕು. ಮೊದಲು ಬಂದದ್ದನ್ನು ಮಿದುಳು ಬಾಗಿಲಲ್ಲೇ ನಿಲ್ಲಿಸಿ, ಆಮೇಲೆ ಬಂದದ್ದರ ಜೊತೆ ಸೇರಿಸಿ ಒಂದೇ ‘ಈಗ’ ಎಂದು ಒಳಗೆ ಬಿಡುತ್ತದೆ. ಅಷ್ಟರಲ್ಲಿ ಬೆಳಕು ಎಷ್ಟು ದೂರ ಹೋಗಿರುತ್ತದೆ ಗೊತ್ತಾ? ಸುಮಾರು 9,000 ಕಿಲೋಮೀಟರ್. ಅಂದರೆ ನಿಮ್ಮ ಹೆಬ್ಬೆರಳು ನಿಮ್ಮ ಮಿದುಳಿನಿಂದ ಎಷ್ಟು ತಡವೋ, ಬೇರೆ ದೇಶದ ತಂಗಿಯೂ ಬೆಳಕಿನ ಲೆಕ್ಕದಲ್ಲಿ ಹೆಚ್ಚುಕಡಿಮೆ ಅಷ್ಟೇ ತಡ! ಇದು ಬರೆಯುವಾಗ ನನಗೇ ಖುಷಿಯಾಯಿತು.

ಇನ್ನೂ ದೂರ ಹೋದರೆ ಕಷ್ಟ. ಸೂರ್ಯನಿಂದ ಬೆಳಕು ಬರಲು 8 ನಿಮಿಷ 20 ಸೆಕೆಂಡು ಬೇಕು. ಬಹಳ ದೂರದ ಎರಡು ಘಟನೆ ‘ಒಟ್ಟಿಗೆ’ ಆದವೋ ಒಂದರ ಮೇಲೊಂದು ಆದವೋ ಎಂದು ಬೇರೆಬೇರೆ ವೇಗದಲ್ಲಿ ಹೋಗುತ್ತಿರುವ ಇಬ್ಬರನ್ನು ಕೇಳಿದರೆ ಬೇರೆಬೇರೆ ಉತ್ತರ ಬರುತ್ತದೆ, ಐನ್‌ಸ್ಟೈನ್ ಪ್ರಕಾರ ಇಬ್ಬರದೂ ಸರಿ. ಇಡೀ ವಿಶ್ವಕ್ಕೆ ಒಂದೇ ‘ಈಗ’ ಇಲ್ಲವೇ ಇಲ್ಲ. ಮನಸ್ಸುಗಳನ್ನು ಕಾಲದ ಎಳೆಯಲ್ಲಿ ಪೋಣಿಸಬೇಕು ಅನ್ನುವವರಿಗೆ ಸಿಗದೇ ಇರುವುದು ಮಣಿಗಳಲ್ಲ, ದಾರ.

ಪ್ರಶ್ನೆ: ಹೊಸ ಜಾಗಕ್ಕೆ ಹೋದಾಗ ಇಲ್ಲಿಗೆ ಮೊದಲೇ ಬಂದಿದ್ದೆ ಅನ್ನಿಸುತ್ತದೆ, ಮುಂದೆ ಏನಾಗುತ್ತದೆ ಎಂದೂ ಗೊತ್ತಿದೆ ಅನ್ನಿಸುತ್ತದೆ. ಮುಂದಿನ ಕಾಲ ಹಿಂದಕ್ಕೆ ಸೋರುತ್ತಿದೆಯೇ?

ಇದಕ್ಕೆ ‘ದೆಜಾ ವೂ’ ಎಂಬ ಹೆಸರನ್ನು 1876ರಲ್ಲಿ ಎಮಿಲ್ ಬ್ವಾರಾಕ್ ಎಂಬ ಫ್ರೆಂಚ್ ಚಿಂತಕ ಬಳಸಿದ. ಮಿದುಳಿನ ಕಪೋಲ ಭಾಗದಲ್ಲಿ (ಕಿವಿಯ ಹತ್ತಿರದ ಭಾಗ) ಮೂರ್ಛೆ ಶುರುವಾಗುವವರಿಗೆ ಇದು ಫಿಟ್ಸ್ ಬರುವ ಮುಂಚೆ ಬರುವುದುಂಟು, ಅಂದರೆ ‘ಪರಿಚಯ’ ಅನ್ನುವ ಭಾವನೆ ನೆನಪಿಲ್ಲದೆಯೂ ತಾನಾಗಿ ಹೊತ್ತಿಕೊಳ್ಳಬಲ್ಲದು. ಆನ್ ಕ್ಲಿಯರಿ ಎಂಬ ಸಂಶೋಧಕಿ ಕಂಪ್ಯೂಟರಿನಲ್ಲಿ ಕಟ್ಟಿದ ಜಾಗಗಳಲ್ಲಿ ಜನರನ್ನು ಸುತ್ತಾಡಿಸಿ, ದೆಜಾ ವೂ ಬಂದ ಕೂಡಲೇ ಮುಂದಿನ ತಿರುವು ಎಡಕ್ಕೋ ಬಲಕ್ಕೋ ಹೇಳಿ ಎಂದಳು. ಗೊತ್ತು ಅನ್ನುವ ಭಾವನೆ ಭಾರೀ ಜೋರು. ಉತ್ತರ ಮಾತ್ರ ನಾಣ್ಯ ಚಿಮ್ಮಿದಷ್ಟೇ ಸರಿ.

ಮುಂದಿನ ಕಾಲ ಸೋರುತ್ತದೆ ಎಂದು ಗಟ್ಟಿಯಾಗಿ ಹೇಳಿದವರೂ ಇದ್ದಾರೆ. 2011ರಲ್ಲಿ ಡ್ಯಾರಿಲ್ ಬೆಮ್ ಎಂಬ ಹೆಸರಾಂತ ಮನಶ್ಶಾಸ್ತ್ರಜ್ಞ ಒಂಬತ್ತು ಪ್ರಯೋಗ, ಸಾವಿರಕ್ಕೂ ಜಾಸ್ತಿ ಜನ, ಎಲ್ಲ ಸೇರಿಸಿ ಒಳ್ಳೆಯ ಪತ್ರಿಕೆಯಲ್ಲೇ ಪ್ರಕಟಿಸಿದ. ಮರುವರ್ಷ ಬೇರೆಯವರು ಮಾಡಿ ನೋಡಿದರೆ ಏನೂ ಸಿಗಲಿಲ್ಲ. ಅದರಿಂದ ಆದ ಉಪಕಾರ ಬೇರೆ ಥರದ್ದು, ಮನಶ್ಶಾಸ್ತ್ರದವರು ತಮ್ಮ ಮಾಮೂಲಿ ಪ್ರಯೋಗಗಳನ್ನೂ ಅನುಮಾನದಿಂದ ನೋಡಲು ಕಲಿತರು.

ಪ್ರಶ್ನೆ: ಎಲ್ಲದಕ್ಕೂ ಮಿದುಳು, ನೆನಪು ಅನ್ನುತ್ತೀರಿ. ಹಾಗಾದರೆ ಕಾಲ ಹರಿಯುವುದೇ ಸುಳ್ಳಾ?

ನೀವು ಸಿಟ್ಟಿನಲ್ಲಿ ಕೇಳಿದ್ದೀರಿ, ಆದರೆ ಪ್ರಶ್ನೆ ಸರಿಯಾಗಿದೆ. ನದಿ ಹರಿಯುತ್ತದೆ ಎಂದರೆ ಗಂಟೆಗೆ ಇಷ್ಟು ಕಿಲೋಮೀಟರ್ ಎನ್ನಬಹುದು. ಕಾಲ ಹರಿಯುತ್ತದೆ ಎಂದರೆ ಗಂಟೆಗೆ ಎಷ್ಟು? ಗಂಟೆಗೆ ಒಂದು ಗಂಟೆ! ಹೇಳಿದ ಹಾಗೂ ಆಯಿತು, ಏನೂ ಹೇಳದ ಹಾಗೂ ಆಯಿತು. ಭೌತವಿಜ್ಞಾನದ ಮೂಲ ಸಮೀಕರಣಗಳಲ್ಲಿ ‘ಮೊದಲು’, ‘ಆಮೇಲೆ’ ಇವೆ, ‘ಈಗ’ ಅನ್ನುವ ಗುರುತು ಎಲ್ಲೂ ಇಲ್ಲ. 1955ರಲ್ಲಿ ಹಳೆಯ ಗೆಳೆಯ ಬೆಸ್ಸೊ ತೀರಿಕೊಂಡಾಗ ಐನ್‌ಸ್ಟೈನ್ ಬೆಸ್ಸೊನ ಮನೆಯವರಿಗೆ ಬರೆದ ಪತ್ರದಲ್ಲಿ ಹಿಂದಿನದು, ಈಗಿನದು, ಮುಂದಿನದು ಎಂಬ ಭೇದ ಹಟ ಬಿಡದ ಒಂದು ಭ್ರಮೆ ಎಂಬರ್ಥದ ಮಾತಿದೆ. ಪತ್ರ ಬರೆದ ಒಂದು ತಿಂಗಳೊಳಗೆ ಐನ್‌ಸ್ಟೈನ್ ಕೂಡ ಹೋದರು.

ಹಾಗಂತ ಎಲ್ಲವೂ ಮನಸ್ಸಿನ ಆಟ ಅಂತಲ್ಲ. ಒಡೆದ ಮೊಟ್ಟೆ ತಾನಾಗಿ ಕೂಡಿಕೊಳ್ಳುವುದಿಲ್ಲ, ಅದಕ್ಕೆ ಯಾವ ಮನಸ್ಸೂ ಬೇಕಿಲ್ಲ. ಜೋಡಿಸಿಟ್ಟ ಸ್ಥಿತಿಗಳು ಕಡಿಮೆ, ಚೆಲ್ಲಾಪಿಲ್ಲಿಯಾಗುವ ಬಗೆಗಳು ಲೆಕ್ಕವಿಲ್ಲದಷ್ಟು, ಹಾಗಾಗಿ ಜಗತ್ತು ಚೆಲ್ಲಾಪಿಲ್ಲಿಯ ಕಡೆಗೇ ಜಾರುತ್ತದೆ ಎಂದು ಬೋಲ್ಟ್ಸ್‌ಮನ್ ಎಂಬ ಭೌತವಿಜ್ಞಾನಿ ಹತ್ತೊಂಬತ್ತನೇ ಶತಮಾನದಲ್ಲೇ ತೋರಿಸಿದರು. ಮಿದುಳು ಒಂದು ನೆನಪನ್ನು ಬರೆದಿಡಬೇಕಾದರೂ ಒಂದಿಷ್ಟು ಶಾಖ ಚೆಲ್ಲಲೇಬೇಕು. ಅದಕ್ಕೇ ನೆನಪೂ ಮೊಟ್ಟೆ ಒಡೆಯುವ ದಿಕ್ಕಿನಲ್ಲೇ ಬೆಳೆಯುತ್ತದೆ. ನಿನ್ನೆ ನೆನಪಿದೆ, ನಾಳೆ ನೆನಪಿಲ್ಲ. ಒಂದೊಂದು ಕ್ಷಣಕ್ಕೂ ಹಿಂದಿನ ಕ್ಷಣಕ್ಕಿಂತ ಒಂದು ಸಾಲು ಜಾಸ್ತಿ ನೆನಪು, ಆ ಹೆಚ್ಚಿದ ಸಾಲನ್ನೇ ನಾವು ‘ಹೊತ್ತು ಹೋಯಿತು’ ಎನ್ನುತ್ತಿರುವುದು ಎಂದು ನನ್ನ ಲೆಕ್ಕಾಚಾರ. ಎಲ್ಲರೂ ಒಪ್ಪುತ್ತಾರೆ ಎಂದೇನೂ ಇಲ್ಲ, ತತ್ವಶಾಸ್ತ್ರದವರು ನೂರು ವರ್ಷದಿಂದ ಇದರ ಮೇಲೆ ಕಚ್ಚಾಡುತ್ತಿದ್ದಾರೆ. ಆದರೆ ಮನಸ್ಸಿಗೂ ಕಾಲಕ್ಕೂ ನಂಟು ಇದೆ ಎಂದು ಆರಂಭದಲ್ಲಿ ಹೇಳಿದೆನಲ್ಲ, ಅದು ಇದೇ.

ಪ್ರಶ್ನೆ: ನಿಮ್ಮ ಉತ್ತರಗಳು ಯಾಕೆ ಇಷ್ಟು ಉದ್ದ?

ಬರೆಯುವಾಗ ಚಿಕ್ಕದೇ ಅನ್ನಿಸಿತ್ತು.